ಹಾಲಿನ ಹ

ಹಾಲಿನ ಜಾಹೀರಾತು ಟೀವಿಯಲ್ಲಿ ಮೊದಲ ಸಲ ಬಂದಾಗ ಸುಕನ್ಯ ಕಾವಲಿಯ ಮುಂದೆ ನಿಂತಿದ್ದಳು. ಊಟದ ಮೇಜಿನ ಹತ್ತಿರ ಮಾವ ವೆಂಕಟಾಚಲ ಎರಡನೇ ದೋಸೆಗೆ ಕಾಯುತ್ತಿದ್ದರು. ಅತ್ತೆ ಸೀತಮ್ಮ ಚಟ್ನಿಗೆ ಒಗ್ಗರಣೆ ಹಾಕಿ ತಂದಿಟ್ಟಿದ್ದರು. ಮಗಳು ಹಂಸ ಕಾಲೇಜಿನ ಬ್ಯಾಗನ್ನು ತೊಡೆಯ ಮೇಲಿಟ್ಟುಕೊಂಡೇ ತಿನ್ನುತ್ತಿದ್ದಳು. ಗಂಡ ಶ್ರೀಹರಿ ಟೀವಿಗೆ ಬೆನ್ನು ಮಾಡಿ ಕೂತಿದ್ದ. ಆ ಹಾಡನ್ನು ಬರೆದು, ರಾಗ ಹಾಕಿ, ಕೆಳಗಿನ ಗ್ಯಾರೇಜಿನ ಸ್ಟುಡಿಯೋದಲ್ಲಿ ರೆಕಾರ್ಡು ಮಾಡಿ ಕೊಟ್ಟವನು ಅವನೇ. ತನ್ನ ಹಾಡು ಬರುವಾಗ ಅವನು ಯಾವಾಗಲೂ ಹೀಗೇ ಬೆನ್ನು ಮಾಡಿ ಕೂರುತ್ತಿದ್ದ. ಹಾಡು ಕೇಳುವುದಕ್ಕೆ, ನೋಡುವುದಕ್ಕಲ್ಲ ಅನ್ನುತ್ತಿದ್ದ.

"ಏನೋ ಇದು, ಆಲು ಅಂತಿದಾನೆ?" ಅಂದರು ವೆಂಕಟಾಚಲ.

"ಯಾರು?"

"ನಿಮ್ಮ ಆನಂದ. ಆಲು ಬಂತು ಆಲು ಅಂತ ಹಾಡ್ತಿದಾನೆ. ಹಾಲು ಮಾರ್ತಿದೀರೋ ಆಲೂಗಡ್ಡೆ ಮಾರ್ತಿದೀರೋ?"

ಶ್ರೀಹರಿ ನಕ್ಕ. "ಅಪ್ಪ, ನಿಮ್ಮ ಮಿಷನ್ನಿನ ಬ್ಯಾಟರಿ ನೋಡ್ಕೊಳಿ."

ವೆಂಕಟಾಚಲ ಕಿವಿಯ ಹಿಂದಿನ ಮಿಷನ್ನು ಮುಟ್ಟಿ ನೋಡಿಕೊಂಡರು. "ನಿನ್ನೆ ತಾನೇ ಹೊಸದು ಹಾಕಿದೀನಿ."

ಹಂಸ ಅಷ್ಟರಲ್ಲಿ ಮೊಬೈಲಿನಲ್ಲಿ ಅದನ್ನೇ ಹುಡುಕಿ ಹಾಕಿದಳು. ಸಿರಿಗೌರಿ ಡೈರಿಯ ಹಾಡು ಇನ್ನೊಂದು ಸಲ ಮನೆಯೊಳಗೆ ಹರಿಯಿತು. "ಆಲು ಅಪ್ಪ. ಕ್ಲಿಯರ್ ಆಗಿ ಆಲು."

"ನಿನಗೇನು ಗೊತ್ತು? ಅಮ್ಮ, ನೀವು ಹೇಳಿ."

"ನನಗೆ ಎರಡೂ ಒಂದೇ ಥರ ಕೇಳತ್ತಪ್ಪ," ಅಂದರು ಸೀತಮ್ಮ. "ಚಟ್ನಿ ಹಾಕ್ಲಾ?"

"ಸುಕನ್ಯಾ," ಅಂತ ಶ್ರೀಹರಿ ಅಡುಗೆಮನೆಯ ಕಡೆ ತಿರುಗಿದ. "ನೀನು ಹೇಳು. ಹಾಲಾ, ಆಲಾ?"

ಮದುವೆಯಾದಾಗಿನಿಂದ ಅವನ ಯಾವ ಹಾಡೂ ಸುಕನ್ಯಳ ಕಿವಿಗೆ ಬೀಳದೆ ಮನೆಯ ಹೊಸಲು ದಾಟಿರಲಿಲ್ಲ. ಇದೊಂದು ದಾಟಿತ್ತು. ಆ ವಾರ ಅವಳ ವಿಮಾ ಕಚೇರಿಯಲ್ಲಿ ಆಡಿಟ್ ಇತ್ತು, ಮನೆಗೆ ಬರುವಾಗ ಕತ್ತಲಾಗುತ್ತಿತ್ತು. ಕಾವಲಿಯ ಮುಂದೆ ನಿಂತೇ ಅವಳಿಗೆ ಸ್ಪಷ್ಟವಾಗಿ ಕೇಳಿಸಿತ್ತು. ಹ ಇರಲಿಲ್ಲ. ಎಳ್ಳಷ್ಟೂ ಇರಲಿಲ್ಲ.

ಶ್ರೀಹರಿ ಅವಳ ಮುಖವನ್ನೇ ನೋಡುತ್ತಿದ್ದ. ದೋಸೆಯ ಅಂಚು ಹೊತ್ತುತ್ತಿತ್ತು.

"ಹಾಲೇ ಅನ್ಸುತ್ತೆ ರೀ," ಅಂದಳು.

"ನೋಡಿದ್ರಾ?" ಅಂತ ಶ್ರೀಹರಿ ತಟ್ಟೆಗೆ ಬಗ್ಗಿದ. ಹಂಸ ಅಮ್ಮನನ್ನೇ ಒಂದು ಗಳಿಗೆ ದಿಟ್ಟಿಸಿದಳು. ಆಮೇಲೆ ಬ್ಯಾಗು ಹೆಗಲಿಗೇರಿಸಿ, ಕೈ ತೊಳೆಯದೆ ಹೊರಟುಹೋದಳು.

ಹ ಅನ್ನುವ ಅಕ್ಷರದ ಮೇಲೆ ಆ ಮನೆಯಲ್ಲಿ ಇಷ್ಟು ದೊಡ್ಡ ಪಂಚಾಯಿತಿ ಯಾಕೆ ಅಂದರೆ, ಶ್ರೀಹರಿಗೆ ಹೆಸರು ಬಂದಿದ್ದೇ ಅದರಿಂದ. ಹೆಸರು ಅಂದರೆ ಬಹಳ ದೊಡ್ಡ ಹೆಸರೇನಲ್ಲ. ಕಸುಬಿನವರ ನಡುವೆ ಒಂದು ಮರ್ಯಾದೆ. ಅವನು ಹೈಸ್ಕೂಲಿನಲ್ಲಿದ್ದಾಗ ತಂದೆ ಕೆಲಸಕ್ಕಿದ್ದ ವಿಮಾನ ಕಾರ್ಖಾನೆಗೆ ಯಾವುದೋ ಯಂತ್ರ ಕೂರಿಸಿಕೊಡಲು ಬ್ರೆಜಿಲ್‌ನಿಂದ ಒಬ್ಬ ಎಂಜಿನಿಯರ್ ಬಂದಿದ್ದ. ಹೊಸ ತಿಪ್ಪಸಂದ್ರದ ಈ ಮನೆಗೆ ಊಟಕ್ಕೆ ಬಂದವನು ಸೀತಮ್ಮನ ಬಿಸಿಬೇಳೆ ಭಾತ್ ತಿಂದು ಕಣ್ಣಲ್ಲಿ ನೀರು ಸುರಿಸಿಕೊಂಡು, ಹೋಗುವಾಗ ಒಂದು ಗಿಟಾರನ್ನೂ ಕೆಲವು ಕ್ಯಾಸೆಟ್ಟುಗಳನ್ನೂ ಹುಡುಗನಿಗೆ ಕೊಟ್ಟ. ಕ್ಯಾಸೆಟ್ಟಿನ ಮೇಲಿದ್ದ ಗಡ್ಡದ ಮನುಷ್ಯನನ್ನು ತೋರಿಸಿ, ಈತ ಹಾಡು ಬರೆಯುತ್ತಾನೆ, ಬೇರೆಯವರ ಹಾಡು ಮಾಡಿಸಿಕೊಡುತ್ತಾನೆ, ಪುಸ್ತಕವನ್ನೂ ಬರೆಯುತ್ತಾನೆ ಅಂದಿದ್ದ. ನಾನೂ ಮೂರೂ ಆಗುತ್ತೇನೆ ಅಂತ ಶ್ರೀಹರಿ ಅವತ್ತೇ ಅಂದುಕೊಂಡನಂತೆ. ಆರ್ಕೆಸ್ಟ್ರಾಗಳಲ್ಲಿ ಗಿಟಾರು ಹಿಡಿದು ಕೂತ. ಕನ್ನಡದ ಹಾಡಿಗೆ ಆ ದೇಶದ ತಾಳ ಹಾಕಿ ಒಂದು ಆಲ್ಬಂ ತಂದ. ಯಾರೂ ಕೊಳ್ಳಲಿಲ್ಲ, ಆದರೆ ಬ್ರೆಜಿಲ್ ಶ್ರೀಹರಿ ಅನ್ನುವ ಅಡ್ಡಹೆಸರು ಮಾತ್ರ ಉಳಿಯಿತು. ಆಮೇಲೆ ಭಕ್ತಿಗೀತೆ, ಜಾಹೀರಾತು, ಆಗೊಂದು ಈಗೊಂದು ಸಿನಿಮಾ. ವಾರಪತ್ರಿಕೆಯೊಂದರಲ್ಲಿ ಹಾಡಿನ ಭಾಷೆಯ ಬಗ್ಗೆ ಅಂಕಣ ಬರೆದ, ಅದು ಪುಸ್ತಕವೂ ಆಯಿತು. ಹ ನುಂಗುವ ಗಾಯಕರನ್ನು ಅಂಕಣದಲ್ಲಿ ಹೆಸರು ಹಿಡಿದು ಬೈಯುತ್ತಿದ್ದ. ಹ ಅಂದರೆ ಉಸಿರು, ಉಸಿರು ನುಂಗಿದವನು ಹಾಡುವುದೇನನ್ನು ಅನ್ನುವುದು ಅವನ ವಾದ.

ಅಂಥವನು ಕೃಷ್ಣರಾಜಪುರದ ಆನಂದನನ್ನು ಯಾಕೆ ಕಟ್ಟಿಕೊಂಡ ಅಂತ ಎಲ್ಲರೂ ಕೇಳುತ್ತಿದ್ದರು. ಆನಂದನ ಬಾಯಲ್ಲಿ ಹ ಬರುತ್ತಿರಲಿಲ್ಲ. ಅವನ ಊರಿನಲ್ಲಿ, ಮನೆಯಲ್ಲಿ, ಯಾರ ಬಾಯಲ್ಲೂ ಬರುತ್ತಿರಲಿಲ್ಲ. ಆದರೆ ದನಿ ಬೆಲ್ಲದ ಪಾಕ. ಶ್ರೀಹರಿ ಒಂದೊಂದು ಸಾಲಿಗೂ ನಿಲ್ಲಿಸಿ, "ಎದೆಯಿಂದ ಉಸಿರು ತಗೊಂಡು ಬಾ ಆನಂದ" ಅಂತ ತಿದ್ದಿ ತಿದ್ದಿ ಹಾಡಿಸಿಕೊಳ್ಳುತ್ತಿದ್ದ.

ಜಾಹೀರಾತಿಗೆ ಮುಂಚಿನ ತಿಂಗಳುಗಳಲ್ಲಿ ಸುಕನ್ಯ ಏನೂ ಗಮನಿಸಿರಲಿಲ್ಲ ಅಂದರೆ ತಪ್ಪಾಗುತ್ತದೆ. ಕುಕ್ಕರು ಬುಸುಗುಟ್ಟುವಾಗ ಪಕ್ಕದಲ್ಲೇ ಇದ್ದ ಶ್ರೀಹರಿ ಒಲೆ ಆರಿಸುತ್ತಿರಲಿಲ್ಲ. ಕಿವಿಯ ಹತ್ತಿರ ಸೊಳ್ಳೆ ಕೂತರೂ ಕೈ ಬೀಸುತ್ತಿರಲಿಲ್ಲ. ಕಾರ್ಖಾನೆಯ ಕಡೆಯಿಂದ ಹೆಲಿಕಾಪ್ಟರ್ ಏಳುವುದನ್ನು ರೆಕಾರ್ಡಿಂಗಿನ ನಡುವೆ ಎಲ್ಲರಿಗಿಂತ ಮೊದಲು ತಿಳಿದು ಕೈ ಎತ್ತುತ್ತಿದ್ದವನು, ಈಗ ಗಾಜಿನ ಆಚೆ ಹಾಡುವವರು ತಾವೇ ನಿಲ್ಲಿಸಿದ ಮೇಲೆ "ಯಾಕೆ?" ಅನ್ನುತ್ತಿದ್ದ. ಅವಳು ಎಲ್ಲವನ್ನೂ ನೋಡಿದಳು. ನೋಡಿ, ಸಾರು ಕುದಿಸಿದಳು, ಕಚೇರಿಗೆ ಹೋದಳು, ಬಂದಳು.

ಜಾಹೀರಾತು ಬಂದ ವಾರದೊಳಗೆ ಊರೆಲ್ಲ ನಗತೊಡಗಿತು. ಹಂಸ ಕಾಲೇಜಿನಿಂದ ಬಂದು ಮೊಬೈಲು ತೋರಿಸಿದಳು. ಯಾರೋ ಆನಂದನ ದನಿಗೆ ಆಲೂಗಡ್ಡೆ ಕುಣಿಸಿದ್ದರು. ಇನ್ಯಾರೋ ಆಲೂಗಡ್ಡೆಗೆ ಬಾಟಲಿಯ ನಿಪ್ಪಲ್ಲು ಸಿಕ್ಕಿಸಿದ್ದರು. ಮತ್ತೊಬ್ಬ ಶ್ರೀಹರಿಯ ಹಳೆಯ ಅಂಕಣದ ಪುಟವನ್ನೇ ಹುಡುಕಿ ತೆಗೆದು, "ಶ್ರೀಅರಿಯವರೇ, ಉಸಿರು ಎಲ್ಲಿ ಓಯ್ತು?" ಅಂತ ಬರೆದಿದ್ದ.

ಅವತ್ತು ಸಂಜೆ ಡೈರಿಯ ಮಾಲೀಕರ ಮಗ ಲಿಖಿತ್ ಫೋನು ಮಾಡಿ ಕೂಗಾಡಿದ. ಶ್ರೀಹರಿ ಫೋನನ್ನು ಮೇಜಿನ ಮೇಲಿಟ್ಟು ಜೋರು ಮಾಡಿದ್ದ, ಎಲ್ಲರಿಗೂ ಕೇಳುತ್ತಿತ್ತು.

"ಸರ್, ನಮ್ಮಪ್ಪಂಗೆ ಡಿಫರೆನ್ಸ್ ಗೊತ್ತಾಗಲ್ಲ, ಅವ್ರು ಓಕೆ ಮಾಡ್ಬಿಟ್ಟಿದಾರೆ. ನಿಮಗೆ ಗೊತ್ತಾಗ್ಬೇಕಿತ್ತಲ್ವಾ? ಬ್ರ್ಯಾಂಡ್ ಜೋಕ್ ಆಗೋಗಿದೆ!"

"ಹಾಲು ಅಂತಾನೇ ಇದೆ ಲಿಖಿತ್. ನಾನು ನೂರು ಸಲ ಕೇಳಿದೀನಿ. ನಮ್ಮನೇಲೂ ಕೇಳಿದಾರೆ."

ಸುಕನ್ಯ ಕೊತ್ತಂಬರಿ ಸೊಪ್ಪು ಬಿಡಿಸುತ್ತಿದ್ದಳು. ತಲೆ ಎತ್ತಲಿಲ್ಲ.

ಫೋನು ಇಟ್ಟ ಮೇಲೆ ಅವನು ಕೆಳಗಿಳಿದು ಹೋದ. ಅವಳು ಕಾಫಿ ತೆಗೆದುಕೊಂಡು ಹೋದಾಗ ಹಾಡಿನ ದನಿಯ ಗೆರೆಗಳನ್ನು ಕಂಪ್ಯೂಟರಿನ ಪರದೆಯ ತುಂಬ ದೊಡ್ಡದು ಮಾಡಿಕೊಂಡು ನೋಡುತ್ತಿದ್ದ. ಹಾಡು ನಿಂತಿತ್ತು. ಅವನು ಬೆರಳಿಟ್ಟು ತೋರಿಸಿದ.

"ಹ ಇದ್ರೆ ಅಕ್ಷರಕ್ಕೆ ಮುಂಚೆ ಇಲ್ಲಿ ಸಣ್ಣಗೆ ಹುಲ್ಲಿನ ಥರ ಏಳತ್ತೆ. ನೋಡು. ಬೋಳಾಗಿದೆ."

"ಹೂಂ."

"ನನಗೆ ಕೇಳ್ತಿದೆ ಸುಕನ್ಯಾ. ಹಾಕಿದ್ರೆ ಹಾಲು ಅಂತಾನೇ ಕೇಳತ್ತೆ. ಇಲ್ಲಿ ಇಲ್ಲ." ಪರದೆಯಿಂದ ಕೈ ತೆಗೆದು, "ಅವತ್ತು ನಿನಗೆ ಕೇಳಿಸ್ತಾ?" ಅಂದ.

"ಒಲೆ ಮೇಲೆ ಬೇಳೆ ಇಟ್ಟು ಬಂದಿದೀನಿ," ಅಂದಳು ಸುಕನ್ಯ. ಬೇಳೆ ಇಟ್ಟಿರಲಿಲ್ಲ. ಮೇಲೆ ಹೋಗಿ ಇಟ್ಟಳು.

ಮಾರನೇ ದಿನ ಶ್ರೀಹರಿ ಲಿಖಿತ್‌ಗೆ ತಾನೇ ಫೋನು ಮಾಡಿದ. ತಪ್ಪಾಗಿರುವುದು ನಿಜ, ಕೊನೆಯ ಟೇಕಿನಲ್ಲಿ ಹಾಡುಗಾರ ಎಡವಿದ್ದಾನೆ, ತನಗೆ ಅವತ್ತು ಜ್ವರ ಇತ್ತು ಅಂದ. ಇನ್ನು ಆ ಹಾಡುಗಾರ ಬೇಡ ಅಂದ ಲಿಖಿತ್. ಶ್ರೀಹರಿ ಆಯಿತು ಅಂದ. ಆ ವಾರ ಹಲಸೂರಿನ ದೇವಸ್ಥಾನಕ್ಕಾಗಿ ಶುರುವಾಗಬೇಕಿದ್ದ ಭಕ್ತಿಗೀತೆಗಳಿಗೂ ಆನಂದನನ್ನು ಕರೆಯಲಿಲ್ಲ.

ಊಟಕ್ಕೆ ಕೂತಾಗ ವೆಂಕಟಾಚಲ ಸುಮ್ಮನಿರಲಿಲ್ಲ. ಕಾರ್ಖಾನೆಯಲ್ಲಿ ಅವರು ಇನ್‌ಸ್ಪೆಕ್ಟರ್ ಆಗಿದ್ದವರು. ತಯಾರಾದ ಬಿಡಿಭಾಗ ಅಳೆದು ಠಸ್ಸೆ ಹೊಡೆಯುವುದು ಅವರ ಕೆಲಸ.

"ಲೇತ್‌ನಲ್ಲಿ ಮಾಡ್ದೋನು ತಪ್ಪು ಮಾಡೇ ಮಾಡ್ತಾನೆ. ಅದಕ್ಕೇ ನಮ್ಮನ್ನ ಇಟ್ಟಿರೋದು. ಠಸ್ಸೆ ಹೊಡೆದ ಮೇಲೆ ತಪ್ಪು ಅವನದಲ್ಲ, ನಂದು."

"ಇದು ನಿಮ್ಮ ಫ್ಯಾಕ್ಟ್ರಿ ಅಲ್ಲಪ್ಪ."

"ಯಾಕೋ ಅಲ್ಲ? ಮೂವತ್ತು ವರ್ಷದಿಂದ ಊರೋರ ಹ ಹಿಡ್ಕೊಂಡು ಜಗಳ ಆಡ್ದೆ. ನಿನಗೆ ಗಿಟಾರು ಕೊಟ್ಟೋನು ಇದ್ನಲ್ಲ, ಅವನ ಹೆಸರು ಬರಿಯೋದು ಹೆನ್ರಿಕ್ ಅಂತ. ಕೂಗಿದ್ರೆ ತಿರುಗ್ತಾನೇ ಇರ್ಲಿಲ್ಲ. ಎನ್ಹೀಕಿ ಅನ್ಬೇಕಂತೆ. ಇರೋ ಹ ಬಿಟ್ಟು ಇಲ್ಲದ ಕಡೆ ಹ ಹಾಕೋ ದೇಶ ಅದು. ಅವರ ಹಾಡು ಕೇಳಿ ದೊಡ್ಡೋನಾದೆ, ಕೆಆರ್ ಪುರದೋನ ಬಾಯಿ ಮಾತ್ರ ನಿನಗೆ ಆಗ್ಲಿಲ್ಲ!"

ಸೀತಮ್ಮ ನಗು ತಡೆಯಲಾರದೆ ಸೆರಗು ಬಾಯಿಗೆ ಇಟ್ಟುಕೊಂಡರು. ಹಂಸ ಜೋರಾಗಿಯೇ ನಕ್ಕಳು. ಶ್ರೀಹರಿ ಮಜ್ಜಿಗೆ ಅನ್ನ ಅರ್ಧಕ್ಕೆ ಬಿಟ್ಟು ಎದ್ದ. "ತಟ್ಟೆ ತೆಗೀಲಾ?" ಅಂತ ಸುಕನ್ಯ ಕೇಳಿದ್ದು ಅವನಿಗೆ ಕೇಳಿಸಲಿಲ್ಲವೋ, ಕೇಳಿಸಿಯೂ ಹೋದನೋ.

ಭಾನುವಾರ ಆನಂದ ತಾನೇ ಬಂದ, ಒಂದು ಚೀಲ ಸೊಗಡಿನ ಅವರೆಕಾಯಿ ಹೊತ್ತುಕೊಂಡು. ಪ್ರತಿ ಚಳಿಗಾಲ ತರುತ್ತಿದ್ದ, ಈ ಸಲವೂ ತಂದ. ಸೀತಮ್ಮ ಕಾಯನ್ನು ಪೇಪರಿನ ಮೇಲೆ ಸುರಿದರು. ಎಲ್ಲರೂ ಸುತ್ತ ಕೂತು ಸುಲಿಯತೊಡಗಿದರು, ಆನಂದನೂ ಕೂತ. ಶ್ರೀಹರಿ ಮಾತ್ರ ಕುರ್ಚಿಯಲ್ಲಿ ಪೇಪರು ಓದುತ್ತಿದ್ದ.

"ಇದಕವರೆ ಮಾಡಿ ಅಮ್ಮ. ಕಾಯಿ ಬೋ ಎಳೇದು," ಅಂದ ಆನಂದ.

"ಹಿದಕೋರ್ಯಾರಪ್ಪ ಅಷ್ಟೊಂದನ್ನ? ನನ್ನ ಬೆರಳು ಬರಲ್ಲ."

"ನಾನೇ ಇದಕಿ ಕೊಟ್ಟು ಓಗ್ತೀನಿ, ಕೆಲ್ಸ ಏನಿದೆ ನಂಗೆ?"

ಸೀತಮ್ಮ ಇನ್ನೊಂದು ಹಿಡಿ ಕಾಯಿ ಅವನ ಮುಂದೆ ಸರಿಸಿದರು.

"ಅಣ್ಣ," ಅಂದ ಆನಂದ, ಕೈಯಲ್ಲಿನ ಕಾಯಿಯನ್ನೇ ನೋಡುತ್ತ. "ಒಂದ್ಮಾತು ಏಳ್ಲಾ? ನನ್ನ ಬಾಯಲ್ಲಿ ಅದು ಬರಲ್ಲ ಅಂತ ನಿಮಗೆ ಮೊದಲ್ನೇ ದಿನದಿಂದ ಗೊತ್ತು. ನೀವು ತಿದ್ತಿದ್ರಿ. ಬೈತಿದ್ರಿ. ನಾನ್ಯಾವತ್ತಾದ್ರೂ ಬೇಜಾರ್ ಮಾಡ್ಕೊಂಡಿದೀನಾ?"

"ಇಲ್ಲ."

"ಅವತ್ತು ಒಂದೇ ಟೇಕಲ್ಲಿ ಸೂಪರ್ ಅಂದ್ಬಿಟ್ರಿ. ಒಂದು ಕಡೇನೂ ನಿಲ್ಲಿಸ್ಲಿಲ್ಲ. ನಾನು ಸರಿಯಾಗಿ ಆಡ್ದೆ ಅನ್ಕೊಂಡೆ ಅಣ್ಣ. ಮನೇಗೋಗಿ ನಮ್ಮಮ್ಮಂಗೆ ಏಳ್ದೆ. ಅಮ್ಮ, ಇವತ್ತು ಬಾಯಿ ತಿರುಗ್ತು, ಅಣ್ಣ ತಿದ್ಲೇ ಇಲ್ಲ ಅಂತ. ಅವ್ರು ದೇವ್ರಿಗೆ ಊವಾ ಆಕಿದ್ರು."

ಶ್ರೀಹರಿ ಪುಟ ತಿರುವಿದ.

"ಈಗ ಬೀದೀಲಿ ಉಡುಗ್ರು ಆಲೂಗಡ್ಡೆ ಅಂತ ಕೂಗ್ತವೆ. ಅದು ಓಗ್ಲಿ ಬಿಡಿ. ನೀವು ನಾನು ಎಡವಿದೆ ಅಂದ್ರಂತಲ್ಲ. ಅದೊಂದು ಏಳಿ ನಂಗೆ. ಎಲ್ಲಿ ಎಡವಿದೆ? ನನಗೆ ಗೊತ್ತಾಗ್ಬೇಕಲ್ವಾ?"

"ಆಯ್ತು ಆನಂದ, ಮುಂದೆ ಯಾವುದಾದ್ರೂ ಇದ್ರೆ ಕರೀತೀನಿ," ಅಂದ ಶ್ರೀಹರಿ.

ಆನಂದ ಚೀಲ ಮಡಿಸಿಕೊಂಡು ಎದ್ದ. ಸುಕನ್ಯ ಬಾಗಿಲವರೆಗೆ ಹೋದಳು. "ಊಟ ಮಾಡ್ಕೊಂಡು ಹೋಗಪ್ಪ" ಅಂದಳು. "ಇನ್ನೊಂದ್ಸಲ ಅತ್ಗೆ" ಅಂತ ಅವನು ಚಪ್ಪಲಿ ಮೆಟ್ಟಿದ. ಅವಳಿಗೆ ಹೇಳುವುದು ಇನ್ನೂ ಒಂದಿತ್ತು. ಗೇಟು ಹಾಕಿದ ಸದ್ದಾಯಿತು. ಒಳಗೆ ಬಂದು ಅವರೆಕಾಯಿಯ ಸಿಪ್ಪೆ ಗುಡ್ಡೆ ಮಾಡಿದಳು.

"ನಿನಗೆ ಗೊತ್ತಿತ್ತು ಅಲ್ವೇನೇ?" ಅಂದರು ಸೀತಮ್ಮ ಮೆಲ್ಲಗೆ, ಅಡುಗೆಮನೆಯಲ್ಲಿ.

"ಏನು ಅತ್ತೆ?"

"ಅವನಿಗೆ ಕಿವಿ ಹೋಗಿದೆ ಅಂತ. ನಾನು ಹಿಂದಿನಿಂದ ಮಾತಾಡ್ಸಿದ್ರೆ ತಿರುಗಲ್ಲ. ನಿಮ್ಮ ಮಾವಂಗೂ ಹೀಗೇ ಶುರುವಾಗಿದ್ದು. ಮೊದಲು ನಾನು ಕೂಗೋದು ಅವರಿಗೆ ಕೇಳ್ತಿರ್ಲಿಲ್ಲ, ಆಮೇಲೆ ನಾನೇ ಕೂಗೋದು ಬಿಟ್ಟೆ. ಅದೂ ಒಂದು ಸುಖ." ಒಲೆ ಸಣ್ಣ ಮಾಡಿ, "ಕರ್ಕೊಂಡು ಹೋಗು" ಅಂದರು.

ಮಾವನ ಮಿಷನ್ನಿನ ಸರ್ವಿಸಿಗೆ ಅಂತ ಹೇಳಿ ಸುಕನ್ಯ ಅವನನ್ನು ಇಂದಿರಾನಗರಕ್ಕೆ ಹೊರಡಿಸಿದಳು. ಹಿಂದೆ ಯಾರದೋ ಬಂಗಲೆಯಾಗಿದ್ದ ಮನೆಯಲ್ಲಿ ಕೆಳಗೆ ಕೇಕಿನ ಅಂಗಡಿ, ಮೇಲೆ ಕಿವಿಯ ಕ್ಲಿನಿಕ್ಕು. ವೆಂಕಟಾಚಲ ಮಿಷನ್ನು ಬಿಚ್ಚಿಕೊಟ್ಟು, ಮಗನ ಕಡೆ ಕೈ ತೋರಿಸಿ ಕಿವಿ ಪರೀಕ್ಷಿಸುವ ಹುಡುಗಿಗೆ ಅಂದರು: "ನಮ್ಮ ಹುಡುಗನ್ನೂ ಒಂಚೂರು ನೋಡಮ್ಮ. ಅಪ್ಪನ ಕಿವಿ ಮಗನಿಗೆ ಬಂದಿದೆಯೇನೋ." ಶ್ರೀಹರಿ ಹೆಂಡತಿಯನ್ನು ನೋಡಿದ. ಅವಳು ಮೀನಿನ ತೊಟ್ಟಿ ನೋಡುತ್ತಿದ್ದಳು. ಅವನು ಎದ್ದು ಗಾಜಿನ ಗೂಡಿನೊಳಗೆ ಹೋಗಿ ಕೂತ. ಹೆಡ್‌ಫೋನು ಹಾಕಿಕೊಳ್ಳುವುದು ಅವನಿಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ.

ಕೊನೆಗೆ ಆ ಹುಡುಗಿ ಬಾಯಿಗೆ ಕಾಗದ ಅಡ್ಡ ಹಿಡಿದು ಒಂದೊಂದೇ ಪದ ಹೇಳಿದಳು. ಅವನು ತಿರುಗಿ ಹೇಳಬೇಕು.

"ಹಣೆ."

"ಅಣೆ."

"ಸರ."

"ಅರ... ಮರ?"

"ಹಾಸು."

ಅವನು ಹೆಡ್‌ಫೋನನ್ನು ತೆಗೆದು, ಮಡಿಸಿ, ಮೇಜಿನ ಮೇಲಿಟ್ಟ.

ಎರಡೂ ಕಿವಿಯಲ್ಲಿ ಸಣ್ಣ ಶಬ್ದಗಳು ಹೋಗಿವೆ ಅಂದಳು ಹುಡುಗಿ. ಹ, ಸ, ಶ, ಇವು ಮೊದಲು ಹೋಗುವುದು. ಗೊತ್ತಿರುವ ಪದವಾದರೆ ತಲೆಯೇ ತುಂಬಿಕೊಳ್ಳುತ್ತದೆ, ಹಾಗಾಗಿ ಹೋದದ್ದು ಗೊತ್ತಾಗುವುದಿಲ್ಲ. ವರ್ಷಗಟ್ಟಲೆ ಜೋರು ಸಂಗೀತ ಕೇಳಿದವರಿಗೆ ಬರುತ್ತದೆ. ಹೋದದ್ದು ವಾಪಸು ಬರುವುದಿಲ್ಲ. ಮಿಷನ್ನು ಹಾಕಿಕೊಂಡರೆ ಮಾತಿಗೆ ಅನುಕೂಲ. ಸಂಗೀತಕ್ಕೆ ಅಷ್ಟು ಹೊಂದುವುದಿಲ್ಲ.

"ಈಗ ಹಾಕ್ಕೊಳ್ತೀರಾ ಸರ್, ಟ್ರಯಲ್‌ಗೆ?"

"ಬೇಡ," ಅಂದ ಶ್ರೀಹರಿ.

ಮನೆಗೆ ಬಂದು ಅವನು ಮುಖ ತೊಳೆದುಕೊಂಡು ಊಟಕ್ಕೆ ಕೂತ. ಹಾಕಿದ್ದನ್ನೆಲ್ಲ ತಿಂದ. "ಉಪ್ಪು ಸರಿಯಾಗಿದೆಯಾ?" ಅಂದರೆ "ಹೂಂ" ಅಂದ. ಅವತ್ತು ಸಾರಿಗೆ ಉಪ್ಪು ಹಾಕುವುದೇ ಮರೆತಿತ್ತು. ಮುಂದಿನ ದಿನಗಳೂ ಹಾಗೇ ಹೋದವು. ಹಗಲು ಕೆಳಗೆ ಹೋಗಿ ರೆಕಾರ್ಡಿಂಗಿನ ಮಿಷನ್ನುಗಳ ಮುಂದೆ ಕೂರುತ್ತಿದ್ದ, ಯಾವುದನ್ನೂ ಹಚ್ಚುತ್ತಿರಲಿಲ್ಲ. ಭಕ್ತಿಗೀತೆಯವರು ಫೋನು ಮಾಡಿದರೆ ಮುಂದಿನ ವಾರ ಅನ್ನುತ್ತಿದ್ದ. ಹಂಸ ಒಂದು ದಿನ ಪಕ್ಕದಲ್ಲಿ ಕೂತು, "ಅಪ್ಪ, ನಾನು ಕೇಳಿ ಹೇಳ್ತೀನಿ, ನೀನು ಮಾಡು" ಅಂದಳು. "ನಿನ್ನ ಓದು ನೋಡ್ಕೋ" ಅಂದ. ಸಿಟ್ಟಿನಿಂದ ಅಂದಿದ್ದರೆ ಚೆನ್ನಾಗಿತ್ತು ಅಂತ ಹಂಸ ಅಮ್ಮನಿಗೆ ಹೇಳಿದಳು. ಸಿಟ್ಟೂ ಇರಲಿಲ್ಲ.

ಆ ಮೇಲೆ ಒಂದು ಬೆಳಿಗ್ಗೆ ಡೈರಿಯ ಮಾಲೀಕರೇ ಮನೆಗೆ ಬಂದರು. ಮಹದೇವಪುರದ ಮುನಿಆಂಜನಪ್ಪ, ಬಿಳಿ ಅಂಗಿ, ಬಿಳಿ ಪ್ಯಾಂಟು, ಒಂದು ಪೆಟ್ಟಿಗೆ ಪೇಡ. ಹಿಂದೆ ಹೊಲವಿದ್ದಲ್ಲಿ ಈಗ ಅವರ ಕಟ್ಟಡಗಳಿದ್ದವು. ಹಸು ಮಾತ್ರ ಬಿಟ್ಟಿರಲಿಲ್ಲ.

"ಸ್ವಾಮೀ, ಆಲು ಸಾಲ್ತಿಲ್ಲ!" ಅಂತ ಕೂರುವ ಮುಂಚೆಯೇ ಅಂದರು. "ಅಂಗಡಿಯೋರು ಆ ಆಲೂಗಡ್ಡೆ ಆಲು ಕೊಡಿ ಅಂತ ಕೇಳ್ತವ್ರಂತೆ. ನನ್ನ ಮಗ ಮೊದ್ಲು ಕುಣಿದ, ಈಗ ನೋಡಿದ್ರೆ ಅದೇ ಬೇಕು ಅಂತವ್ನೆ."

ಸೀತಮ್ಮ ಕಾಫಿ ತಂದರು. ಮುನಿಆಂಜನಪ್ಪ ಲೋಟ ಹಿಡಿದುಕೊಂಡು ದನಿ ತಗ್ಗಿಸಿದರು. ಶ್ರೀಹರಿ ಮುಂದಕ್ಕೆ ಬಗ್ಗಿದ.

"ನಮ್ಮಮ್ಮ ತಲೆ ಮೇಲೆ ಒತ್ಕೊಂಡು ಈ ಕಂಟೋನ್ಮೆಂಟಿಗೆಲ್ಲ ಆಲು ಆಕ್ತಿದ್ಲು. ಆಲೂ ಅಂತ್ಲೇ ಕೂಗ್ತಿದ್ಲು. ನಮ್ಮ ಮಾತು ಟೀವೀಲಿ ಬಂದಿದ್ದು ನಾನು ಇದೇ ಮೊದಲ್ನೇ ಸಲ ಕೇಳಿದ್ದು. ನೀವು ದೊಡ್ಡೋರು, ಪುಸ್ತಕ ಬರ್ದೋರು. ಅಕ್ಷರ ತಪ್ಪೋ ಆಸಾಮಿ ಅಲ್ಲ. ಬೇಕಂತ್ಲೇ ಅಂಗೆ ಆಡ್ಸಿದ್ರಿ ಅಲ್ವಾ?"

ವೆಂಕಟಾಚಲ ಮಗನನ್ನು ನೋಡಿದರು. ಸುಕನ್ಯ ಕಚೇರಿಗೆ ಹೊರಟವಳು, ಬಾಗಿಲ ಹತ್ತಿರ ಕೈಯಲ್ಲಿ ಊಟದ ಡಬ್ಬಿ ಹಿಡಿದು ನಿಂತಿದ್ದಳು.

"ಹೌದು," ಅಂದ ಶ್ರೀಹರಿ. "ಬೇಕಂತಲೇ."

ವೆಂಕಟಾಚಲ ಕಿವಿಯ ಮಿಷನ್ನು ತೆಗೆದು ಜೇಬಿಗೆ ಹಾಕಿಕೊಂಡು ಒಳಗೆ ಹೋದರು.

ಸಂಕ್ರಾಂತಿಗೆ ಎರಡನೇ ಜಾಹೀರಾತು, ಅದೇ ಹಾಡುಗಾರ, ಅದೇ ಆಲು ಅಂತ ಮಾತಾಯಿತು. ಮುನಿಆಂಜನಪ್ಪ ಹೋದ ಮೇಲೆ ಹಂಸ ಕೋಣೆಯಿಂದ ಬಂದಳು.

"ಅಪ್ಪ, ಆನಂದಣ್ಣಂಗೆ ಏನಂತ ಹೇಳ್ತೀಯಾ? ನಿನ್ನ ತಪ್ಪನ್ನೇ ಇನ್ನೊಂದ್ಸಲ ಹಾಡು ಅಂತಾನಾ?"

"ಅವನಿಗೂ ಕೆಲಸ ಸಿಗತ್ತಲ್ಲ ಹಂಸಾ."

"ಜನ ನಗ್ತಿರೋದು ಅವನ ಬಾಯಿ ನೋಡಿ. ನಿನ್ನ ಕಿವಿ ನೋಡಿ ಅಲ್ಲ."

"ಬಿಡೇ, ಮನೆ ನಡೀಬೇಕಲ್ಲ," ಅಂದರು ಸೀತಮ್ಮ. ಸುಕನ್ಯ ಬಸ್ಸಿಗೆ ಹೊತ್ತಾಯಿತು ಅಂತ ಹೊರಟಳು. ದೊಮ್ಮಲೂರಿನವರೆಗೂ ಡಬ್ಬಿಯನ್ನು ಕೈಯಲ್ಲೇ ಹಿಡಿದುಕೊಂಡಿದ್ದಳು, ಬ್ಯಾಗಿಗೆ ಹಾಕಬೇಕು ಅಂತ ಹೊಳೆಯಲಿಲ್ಲ.

ಆನಂದ ಬಂದಿದ್ದು ಶನಿವಾರ ಮಧ್ಯಾಹ್ನ. ಶ್ರೀಹರಿ ಫೋನಿನಲ್ಲಿ ಕೆಲಸ ಇದೆ ಬಾ ಅಂದಿದ್ದ ಅಷ್ಟೇ, ಹಾಡು ಹಳೆಯದೇ, ಸಾಲು ಎರಡು ಹೊಸದು ಅಂದಿದ್ದ. ಹೇಗೆ ಹಾಡಬೇಕು ಅಂತ ಹೇಳಿರಲಿಲ್ಲ. ಹೇಳಬೇಕಾದ ಅಗತ್ಯವೂ ಅವನಿಗೆ ಕಂಡಿರಲಿಕ್ಕಿಲ್ಲ. ಆನಂದನ ಬಾಯಲ್ಲಿ ಬರುವುದು ಅದೊಂದೇ ತಾನೇ.

ಸುಕನ್ಯ ಕಾಫಿ ತೆಗೆದುಕೊಂಡು ಇಳಿದಾಗ ಆನಂದ ಗಾಜಿನ ಆಚೆ ಮೈಕಿನ ಮುಂದೆ ನಿಂತಿದ್ದ. ಅಂಗಿ ಇಸ್ತ್ರಿ ಮಾಡಿತ್ತು, ಹಣೆಯಲ್ಲಿ ಕುಂಕುಮ. ಅವಳನ್ನು ಕಂಡು ತಲೆ ಬಗ್ಗಿಸಿದ. ಶ್ರೀಹರಿ ಬೆರಳು ಆಡಿಸಿದ. ಗಿಟಾರು ಶುರುವಾಯಿತು. ಆನಂದ ಕಣ್ಣು ಮುಚ್ಚಿ, ಎದೆಯುಬ್ಬಿಸಿ ಹಾಡಿದ.

ಹಾಲು ಬಂತು ಹಾಲು.

ಲೋಟ ಅವಳ ಕೈಯಲ್ಲೇ ಉಳಿಯಿತು. ಹ ಅಲ್ಲಿತ್ತು. ಬೆಳಗಿನ ಹೊತ್ತು ಕನ್ನಡಿಗೆ ಊದಿದ ಹಾಗೆ, ಎಷ್ಟು ಬೇಕೋ ಅಷ್ಟು. ಎರಡನೇ ಸಲವೂ ಬಂತು, ಮೂರನೇ ಸಲವೂ. ಹಾಡು ಮುಗಿದಾಗ ಆನಂದನ ಕುತ್ತಿಗೆಯ ನರ ಇನ್ನೂ ಬಿಗಿದುಕೊಂಡೇ ಇತ್ತು.

"ಓಕೆ. ಸೂಪರ್ ಆನಂದ. ಅದೇ ಥರ ಬಂತು," ಅಂದ ಶ್ರೀಹರಿ ಮೈಕಿನಲ್ಲಿ.

ಆನಂದನ ಮುಖ ಸಣ್ಣದಾಯಿತು. ಅವನು ಬಾಗಿಲು ತಳ್ಳಿಕೊಂಡು ಈಚೆ ಬಂದ. "ಅದೇ ಥರಾನಾ ಅಣ್ಣ? ಸರಿಯಾಗಿ ಕೇಳಿ ಏಳಿ. ತಿಂಗಳಿಂದ ಪ್ರಾಕ್ಟೀಸ್ ಮಾಡಿದೀನಿ. ನನ್ನ ಮಗಳು ಸ್ಕೂಲಿಂದ ಬಂದು ಕುಂಡ್ರಿಸ್ಕೊಂಡು ಏಳ್ಕೊಟ್ಟವ್ಳೆ."

ಶ್ರೀಹರಿಗೆ ಏನೋ ತಪ್ಪಿತು ಅಂತ ಗೊತ್ತಾಯಿತು, ಏನೆಂದು ಗೊತ್ತಾಗಲಿಲ್ಲ. ಅವನು ಸುಕನ್ಯಳ ಕಡೆ ತಿರುಗಿದ. ಆನಂದನೂ ತಿರುಗಿದ.

"ಆಲು ಅಂತ ತಾನೇ ಬಂದಿದ್ದು?" ಅಂದ ಶ್ರೀಹರಿ.

"ಅಲ್ಲ," ಅಂದಳು ಸುಕನ್ಯ. "ಹ ಬಂತು. ಮೂರು ಕಡೆನೂ ಬಂತು."

ಅವಳು ಲೋಟವನ್ನು ಮೇಜಿನ ಮೇಲಿಟ್ಟಳು.

"ಇವರಿಗೆ ಕೇಳ್ಸಲ್ಲ ಆನಂದ. ಅವತ್ತೂ ಕೇಳಿಸಿರ್ಲಿಲ್ಲ. ನನಗೆ ಕೇಳಿಸಿತ್ತು. ನಾನು ಹೇಳ್ಲಿಲ್ಲ."

ಶ್ರೀಹರಿ ಕುರ್ಚಿಯಲ್ಲಿ ಹಾಗೇ ಕೂತಿದ್ದ. ಆನಂದ ಅವನನ್ನು ನೋಡಿದ, ಇವಳನ್ನು ನೋಡಿದ. ಪಕ್ಕದ ಸ್ಟೂಲಿನ ಮೇಲೆ ಕೂತ.

"ಏನೇನೂ ಕೇಳ್ಸಲ್ವಾ ಅಣ್ಣ?"

"ನಿನ್ನ ದನಿ ಕೇಳತ್ತೆ. ಹ ಕೇಳಲ್ಲ," ಅಂದ ಶ್ರೀಹರಿ.

"ಮತ್ತೆ ಇವತ್ತು ಅದೇ ಥರ ಬಂತು ಅಂದ್ರಿ?"

"ಡೈರಿಯವರಿಗೆ ಆಲು ಬೇಕಂತೆ. ತಮಾಷೆಯಾಗಿರತ್ತೆ ಅಂತ. ನಾನು ಬೇಕಂತಲೇ ಹಾಡ್ಸಿದ್ದು ಅಂತ ಹೇಳ್ಬಿಟ್ಟಿದೀನಿ."

ಆನಂದ ಬೈಯುತ್ತಾನೆ ಅಂತ ಸುಕನ್ಯ ಕಾದಳು. ಅವನು ಬೈಯಲಿಲ್ಲ. ಕಾಫಿ ಕುಡಿದು ಲೋಟ ಕೆಳಗಿಟ್ಟ.

"ನನಗೆ ಇನ್ನು ಆಲು ಬರಲ್ಲ ಅಣ್ಣ," ಅಂದ. "ಬಂದ್ರೂ ಆಡಲ್ಲ. ಇದನ್ನೇ ಕಳ್ಸಿ. ಬೇಕಾದ್ರೆ ಇಟ್ಕೊಳ್ಲಿ, ಇಲ್ಲಾಂದ್ರೆ ಬಿಡ್ಲಿ." ಮೆಟ್ಟಿಲ ಹತ್ತಿರ ನಿಂತು, "ಬರ್ತೀನಿ ಅತ್ಗೆ" ಅಂದ. ಅಣ್ಣನಿಗೆ ಏನೂ ಹೇಳಲಿಲ್ಲ.

ಶ್ರೀಹರಿ ಹಾಡನ್ನು ಇನ್ನೊಂದು ಸಲ ಹಾಕಿದ. ಪರದೆಯಲ್ಲಿ ಅಕ್ಷರಕ್ಕೆ ಮುಂಚೆ ಸಣ್ಣ ಹುಲ್ಲು ಎದ್ದಿತ್ತು. ಅದನ್ನು ನೋಡಿದ. ನೋಡಿ, "ಕಳಿಸ್ಲಾ?" ಅಂದ.

"ಕಳಿಸಿ," ಅಂದಳು ಸುಕನ್ಯ.

ಕಳಿಸಿದ. ಅವಳು ಲೋಟವನ್ನು ತೆಗೆದುಕೊಂಡು ಮೇಲೆ ಹೋಗದೆ ಅಲ್ಲೇ ಆನಂದ ಕೂತಿದ್ದ ಕಡೆ ಕೂತಳು. ಸ್ವಲ್ಪ ಹೊತ್ತಿಗೆಲ್ಲ ಫೋನು ಬಂತು. ಅವನು ತೆಗೆದ. ಆಚೆಯಿಂದ ಲಿಖಿತ್ ಏನೋ ಜೋರಾಗಿ ಕೇಳುತ್ತಿದ್ದ. ಯಾಕೆ ಸರ್, ಏನಾಯ್ತು ಸರ್ ಅನ್ನುವುದಷ್ಟು ಸುಕನ್ಯಳಿಗೆ ಕೇಳಿಸಿತು. ಶ್ರೀಹರಿ ಫೋನನ್ನು ಒಂದು ಕಿವಿಯಿಂದ ಇನ್ನೊಂದು ಕಿವಿಗೆ ಬದಲಾಯಿಸಿದ, ಮತ್ತೆ ಮೊದಲಿನ ಕಿವಿಗೇ ತಂದ.

"ಸ್ವಲ್ಪ ನಿಧಾನವಾಗಿ ಮಾತಾಡಿ ಲಿಖಿತ್," ಅಂದ. "ನನಗೆ ಕಿವಿ ಸರಿಯಾಗಿ ಕೇಳಿಸಲ್ಲ."